ಇಲ್ಲಿ ಹದಿನೇಳು, ಅಲ್ಲಿ ಎಂಟು

ಫೆಬ್ರವರಿ ೧೧

ಹೊರದೇಶದ ಆಸ್ಪತ್ರೆಯಿಂದ ನನ್ನ ಹೆಂಡತಿಗೆ ಕೊನೆಗೂ ಉತ್ತರ ಬಂದಿದೆ. ಬಂದದ್ದು ಫೋನಿಗೆ. ಆದರೂ ಬೀದಿ ಕೊನೆಯ ಜೆರಾಕ್ಸ್ ಅಂಗಡಿಯಲ್ಲಿ ಪ್ರಿಂಟ್ ತೆಗೆಸಿ, ನಾಲ್ಕಾಗಿ ಮಡಚಿ, ಬ್ಯಾಗಿನ ಒಳಜೇಬಿನಲ್ಲಿಟ್ಟುಕೊಂಡು ಮನೆಗೆ ತಂದಳು. ಡ್ಯೂಟಿ ಬಟ್ಟೆಯನ್ನೂ ಬದಲಾಯಿಸದೆ ಅಡುಗೆಮನೆಯ ಮೇಜಿನ ಮುಂದೆ ಕೂತು ನನ್ನ ಕೈಗೆ ಕೊಟ್ಟಳು. ನಾನು ಓದಿ ಮುಗಿಸುವವರೆಗೂ ನನ್ನ ಮುಖವನ್ನೇ ನೋಡುತ್ತಿದ್ದಳು.

ಡಯಾಲಿಸಿಸ್ ಟೆಕ್ನಿಷಿಯನ್ ಹುದ್ದೆ. ಮೂರು ವರ್ಷದ ಕರಾರು. ಗಂಡ, ಮಗು ಜೊತೆಗೆ ಬರಬಹುದು. ಮಾರ್ಚ್ ಮೂವತ್ತೊಂದರೊಳಗೆ ಒಪ್ಪಿಗೆ ತಿಳಿಸಬೇಕು. ತೆರಿಗೆ, ವಿಮೆ ಎಲ್ಲ ಕಳೆದು ಕೈಗೆ ಬರುವುದನ್ನು ನಮ್ಮ ದುಡ್ಡಿಗೆ ತಿರುಗಿಸಿದರೆ ತಿಂಗಳಿಗೆ ಎರಡು ಲಕ್ಷ ಹತ್ತು ಸಾವಿರ. ಇಲ್ಲಿ ಅವಳದು ಮೂವತ್ತನಾಲ್ಕು ಸಾವಿರ, ನನ್ನದು ನಲವತ್ತೊಂದು.

ಮಗಳು ಗುಬ್ಬಿ, ಶಾಲೆಯ ಭೂಪಟ ತಂದು ಹರಡಿ, ಬೆರಳಿನಲ್ಲಿ ಅಳೆದು, ಒಂದೂವರೆ ಗೇಣು ದೂರ ಎಂದು ತೀರ್ಪು ಕೊಟ್ಟಳು.

"ನೀವೇ ಲೆಕ್ಕ ಹಾಕಿ ಹೇಳಿ," ಎಂದಳು ಹೆಂಡತಿ. "ಅಲ್ಲಿ ಖರ್ಚೂ ಹಾಗೇ ಇರುತ್ತೆ ಅಂತಾರೆ. ಹೋದ್ರೆ ಏನಾದ್ರೂ ಉಳಿಯುತ್ತಾ, ಬರೀ ಓಡಾಟವೇ ಆಗುತ್ತಾ, ನೋಡಿ. ನೀವು ಬೇಡ ಅಂದ್ರೆ ಬೇಡ."

ಅಲ್ಲಿ ನಾನೇನು ಮಾಡಲಿ ಎಂದು ಕೇಳಬೇಕೆಂದಿದ್ದೆ. ಅಷ್ಟರಲ್ಲಿ ಹಾಲು ಉಕ್ಕಿತು. ಇಬ್ಬರೂ ಎದ್ದೆವು.

ಫೆಬ್ರವರಿ ೧೨

ಆಫೀಸಿನಿಂದ ಒಂದು ಉದ್ದನೆಯ ನೋಟ್‌ಬುಕ್ ತಂದು ಗೆರೆ ಹಾಕಿದೆ. ಎಡಕ್ಕೆ ಇಲ್ಲಿ, ಬಲಕ್ಕೆ ಅಲ್ಲಿ.

ನನ್ನ ಲಿಫ್ಟ್ ಮೆಕ್ಯಾನಿಕ್ ಲೈಸೆನ್ಸ್ ಅಲ್ಲಿ ನಡೆಯುವುದಿಲ್ಲವೆಂದು ಅವರ ಸರ್ಕಾರದ ವೆಬ್‌ಸೈಟಿನಲ್ಲಿ ಸ್ಪಷ್ಟವಾಗಿ ಬರೆದಿದೆ. ಲಿಫ್ಟ್ ಮುಟ್ಟಬೇಕಾದರೆ ಅವರ ಭಾಷೆಯಲ್ಲಿ ಪರೀಕ್ಷೆ ಪಾಸಾಗಿ, ಎರಡು ವರ್ಷ ಇನ್ನೊಬ್ಬ ಮೆಕ್ಯಾನಿಕ್ ಕೈಕೆಳಗೆ ಕಲಿಯಬೇಕು. ನಾನು ಈ ಕೆಲಸಕ್ಕೆ ಸೇರಿ ಹತ್ತೊಂಬತ್ತು ವರ್ಷವಾಯಿತು. ಇರಲಿ. ಬಲಗಡೆ, ನನ್ನ ಸಂಬಳದ ಜಾಗದಲ್ಲಿ ಸೊನ್ನೆ ಬರೆದೆ.

ಎಡಗಡೆಯ ಲೆಕ್ಕ ಅರ್ಧ ಗಂಟೆಯಲ್ಲಿ ಮುಗಿಯಿತು. ಇಬ್ಬರ ಸಂಬಳ ಸೇರಿ ಎಪ್ಪತ್ತೈದು, ಖರ್ಚು ಐವತ್ತೆಂಟು, ಉಳಿತಾಯ ಹದಿನೇಳು ಸಾವಿರ. ಇದು ಪೈಸೆ ಪೈಸೆ ಗೊತ್ತಿರುವ ಲೆಕ್ಕ.

ಫೆಬ್ರವರಿ ೧೬, ಭಾನುವಾರ

ಅವಳ ಗೆಳತಿಗೆ ಫೋನ್ ಮಾಡಿದೆವು. ಮೊದಲು ಇವಳ ಜೊತೆ ಇದೇ ಡಯಾಲಿಸಿಸ್ ವಾರ್ಡಿನಲ್ಲಿದ್ದವಳು, ನಾಲ್ಕು ವರ್ಷದ ಹಿಂದೆ ಆ ದೇಶಕ್ಕೆ ಹೋದಳು. ಸ್ಪೀಕರ್ ಹಾಕಿ ಫೋನನ್ನು ಮೇಜಿನ ನಡುವೆ ಇಟ್ಟು, ನಾನು ಪೆನ್ನು ಹಿಡಿದು ಕೂತೆ.

ಬಾಡಿಗೆ ಎರಡು ಬಗೆ. ಆಸ್ಪತ್ರೆಯ ಪಕ್ಕದಲ್ಲೇ ಆದರೆ ತೊಂಬತ್ತೈದು ಸಾವಿರ. ರೈಲಿನಲ್ಲಿ ಅರ್ಧ ಗಂಟೆ ದೂರ ಹೋದರೆ ಅರವತ್ತು. ಗೆಳತಿ ಇರುವುದು ದೂರದ್ದರಲ್ಲಿ. ಮನೆ ಚೆನ್ನಾಗಿದೆಯಂತೆ, ಹಿಂದುಗಡೆ ಪಾರ್ಕು.

ಇವಳು ನಡುವೆ ಬಾಯಿ ಹಾಕಿ ಕೆಲಸ ಹೇಗಿರುತ್ತೆ ಎಂದು ಕೇಳಿದಳು. "ಒಬ್ಬೊಬ್ಬರಿಗೆ ನಾಲ್ಕೇ ಪೇಷೆಂಟ್ ಕಣೇ," ಎಂದಿತು ಫೋನು.

"ನಾಲ್ಕೇನಾ?"

"ನಾಲ್ಕೇ."

ಅದನ್ನೇ ಮತ್ತೊಮ್ಮೆ ಕೇಳಿದಳು. ಆಮೇಲೆ ಇಬ್ಬರೂ ಮೆಷಿನ್, ನೀರಿನ ಫಿಲ್ಟರ್, ಸೂಜಿ ಎಂದು ಹಿಡಿದುಕೊಂಡರು. ಮಾತನ್ನು ಮೊಟ್ಟೆಯ ಬೆಲೆಗೆ ವಾಪಸ್ ಎಳೆದು ತರುವುದು ನನಗೆ ಸಾಕುಸಾಕಾಯಿತು.

ಫೆಬ್ರವರಿ ೨೦

ಹನ್ನೊಂದು ಮಹಡಿಯ ಹಳೆ ಕಟ್ಟಡದಲ್ಲಿ ಲಿಫ್ಟ್ ಐದು ಮತ್ತು ಆರರ ನಡುವೆ ನಿಂತು, ಒಬ್ಬ ಅಜ್ಜಿ ಒಳಗೆ ಸಿಕ್ಕಿಕೊಂಡಿದ್ದರು. ಮೇಲೆ ಮೋಟಾರ್ ಕೋಣೆಗೆ ಹತ್ತಿ, ಬ್ರೇಕ್ ಸಡಿಲಿಸಿ, ಕೈಚಕ್ರ ತಿರುಗಿಸಿ ಆರನೇ ಮಹಡಿಗೆ ತಂದು ಬಾಗಿಲು ತೆಗೆದೆ. ಅಜ್ಜಿ ಹೊರಗೆ ಬಂದವರೇ ನನ್ನ ಎರಡೂ ಕೈ ಹಿಡಿದುಕೊಂಡು, "ಲಿಫ್ಟ್ ಸಾರ್ ಬಂದ್ರು ಅಂತ ಮೇಲಿಂದ ದನಿ ಕೇಳಿಸ್ತು ನೋಡಿ, ಆಮೇಲೆ ಹೆದರಿಕೆ ಆಗ್ಲಿಲ್ಲ," ಎಂದರು. ಆ ಕಟ್ಟಡದಲ್ಲಿ ಎಲ್ಲರೂ ನನ್ನನ್ನು ಹಾಗೆಯೇ ಕರೆಯುವುದು.

ಚಹಾಕ್ಕೆ ಹೋದಾಗ ದೊಡ್ಡಣ್ಣ ಒಂದು ಸಂಗತಿ ಹೇಳಿದರು. ನಮ್ಮ ಕಂಪನಿಯ ಅತಿ ಹಿರಿಯ ಮೆಕ್ಯಾನಿಕ್ ಅವರು, ನಿವೃತ್ತಿಗೆ ಇನ್ನು ಎರಡು ವರ್ಷ. ಅವರ ಸಂಬಂಧಿಕನೊಬ್ಬ ಹೆಂಡತಿಯ ಹಿಂದೆ ವಿದೇಶಕ್ಕೆ ಹೋದವನು, ಈಗ ಮನೆಯಲ್ಲಿ ಕೂತು ಆಲೂಗಡ್ಡೆ ಸಿಪ್ಪೆ ತೆಗೆಯುತ್ತಾನಂತೆ. ಹೆಂಡತಿ ಮನೆಗೆ ಬರುವ ಹೊತ್ತಿಗೆ ಬಾಗಿಲಲ್ಲಿ ಟವೆಲ್ ಹಿಡಿದು ನಿಂತಿರುತ್ತಾನಂತೆ. ದೊಡ್ಡಣ್ಣ ಎದ್ದು ನಿಂತು ಟವೆಲ್ ಹಿಡಿದು ತೋರಿಸಿದರು. ಎಲ್ಲರೂ ನಕ್ಕರು. ನಾನೂ ನಕ್ಕೆ. ನಮ್ಮ ಮನೆಗೆ ಬಂದಿರುವ ಕಾಗದದ ವಿಷಯ ಯಾರಿಗೂ ಹೇಳಿರಲಿಲ್ಲ, ಇವತ್ತೂ ಹೇಳಲಿಲ್ಲ.

ಸಂಜೆ ಬಾಡಿಗೆಯ ಸಾಲು ತುಂಬಿದೆ. ತೊಂಬತ್ತೈದು. ಹೊಸ ದೇಶ, ಅವಳಿಗೆ ಬೆಳಗಿನ ಶಿಫ್ಟು; ಆಸ್ಪತ್ರೆಯ ಪಕ್ಕದಲ್ಲೇ ಮನೆ ಇರುವುದು ಕ್ಷೇಮ.

ಫೆಬ್ರವರಿ ೨೭

ಅಲ್ಲಿನ ಅಂಗಡಿಗಳ ಬೆಲೆಪಟ್ಟಿ ಫೋನಿನಲ್ಲೇ ಸಿಗುತ್ತದೆ. ಹಾಲು, ಬ್ರೆಡ್ಡು, ಮೊಟ್ಟೆ, ಎಣ್ಣೆ, ಸೋಪು, ಗುಬ್ಬಿಯ ಆಸ್ತಮಾ ಪಂಪು. ಒಂದೇ ವಸ್ತುವಿಗೆ ಎರಡು ಮೂರು ಬೆಲೆ ಇದ್ದಲ್ಲಿ ದೊಡ್ಡದನ್ನೇ ಬರೆದುಕೊಂಡೆ. ಲಿಫ್ಟಿನ ಉಕ್ಕಿನ ಹಗ್ಗ ಒಂದು ಟನ್ ಎತ್ತಬೇಕಾದರೆ ಹನ್ನೆರಡು ಟನ್ ತಡೆಯುವಂಥದ್ದನ್ನೇ ಹಾಕುತ್ತೇವೆ. ಲೆಕ್ಕದಲ್ಲೂ ಅಷ್ಟು ಎಚ್ಚರ ಬೇಕು.

ರೈಲು ಪಾಸು ಹನ್ನೆರಡು ಸಾವಿರ. ಮನೆ ಬಿಸಿ ಮಾಡುವ ಖರ್ಚು, ಕರೆಂಟು ಸೇರಿ ಇಪ್ಪತ್ತು. ಗೆಳತಿ ಹದಿನಾಲ್ಕು ಅಂದಿದ್ದಳು, ಆದರೆ ಅವಳಿಗೆ ಅಲ್ಲಿನ ಚಳಿ ಒಗ್ಗಿಹೋಗಿದೆ.

ಮಾರ್ಚ್ ೨

ಅಲ್ಲಿ ಸರ್ಕಾರಿ ಶಾಲೆಗೆ ಫೀಸಿಲ್ಲ. ಆದರೆ ಭಾಷೆ ಬಾರದ ಮಗುವನ್ನು ಏಕಾಏಕಿ ಅಲ್ಲಿ ಕೂರಿಸಲಾದೀತೆ? ಮನೆಪಾಠಕ್ಕೆಂದು ತಿಂಗಳಿಗೆ ಹದಿನೈದು ಹಾಕಿದೆ.

ಗೆಳತಿ ಮೆಸೇಜ್ ಕಳಿಸಿದ್ದಾಳೆ. ಮಗು ಇದ್ದವರಿಗೆ ಸರ್ಕಾರವೇ ತಿಂಗಳಿಗೆ ಇಪ್ಪತ್ತೆರಡು ಸಾವಿರದಷ್ಟು ಭತ್ಯೆ ಕೊಡುತ್ತದಂತೆ, ಹೇಳಲು ಮರೆತಿದ್ದೆ ಎಂದು ಬರೆದಿದ್ದಾಳೆ. ಬಂದದ್ದು ನನ್ನ ಫೋನಿಗೆ. ಸರಿಯಾಗಿ ವಿಚಾರಿಸಿ ಆಮೇಲೆ ಸೇರಿಸಿದರಾಯಿತು.

ಮಾರ್ಚ್ ೯, ಭಾನುವಾರ

ಲೆಕ್ಕ ಮುಗಿಯಿತು. ಶುದ್ಧವಾಗಿ ಇನ್ನೊಂದು ಹಾಳೆಗೆ ಇಳಿಸಿ, ಕೊನೆಯ ಸಾಲಿಗೆ ಎರಡು ಗೆರೆ ಎಳೆದೆ. ಇಲ್ಲಿ ಹದಿನೇಳು, ಅಲ್ಲಿ ಎಂಟು.

ಅವಳು ಗುಬ್ಬಿಯ ತಲೆ ಬಾಚುತ್ತಿದ್ದಳು. ಬಾಚಣಿಗೆ ಕೆಳಗಿಟ್ಟು, ಹಾಳೆಯನ್ನು ಕಿಟಕಿಯ ಬೆಳಕಿಗೆ ಹಿಡಿದು ನೋಡಿದಳು. ಮೇಲಿನ ಸಾಲುಗಳನ್ನು ಓದಲಿಲ್ಲ. ನೇರವಾಗಿ ಕೊನೆಗೆ ಹೋದಳು.

"ಎಂಟೇನಾ?" ಎಂದಳು.

"ಅಲ್ಲಿ ಎಲ್ಲದಕ್ಕೂ ಬೆಂಕಿ ಬೆಲೆ," ಎಂದೆ.

"ಹೌದಾ," ಎಂದು ಹಾಳೆಯನ್ನು ಮೊದಲಿದ್ದ ಹಾಗೇ ಮಡಚಿ ನನಗೆ ಕೊಟ್ಟಳು. ಗುಬ್ಬಿಯ ಒಂದು ಜಡೆ ಹೆಣೆದಿತ್ತು, ಇನ್ನೊಂದು ಬಾಕಿಯಿತ್ತು. ಅದನ್ನೂ ಹೆಣೆದು ಮುಗಿಸಿದಳು. ಆಮೇಲೆ ಅಷ್ಟಕ್ಕೆಲ್ಲ ಯಾಕೆ ಹೋಗುವುದು ಬಿಡಿ ಎಂದು ಬಟ್ಟೆ ಒಣಗಿಸಲು ಮಹಡಿಗೆ ಹೋದಳು. ಒಂದು ಬಕೆಟ್ ಬಟ್ಟೆಗೆ ಬಹಳ ಹೊತ್ತು ಹಿಡಿಯಿತು.

ಮಾರ್ಚ್ ೧೪

ಬರುವುದಿಲ್ಲವೆಂದು ಬರೆದು ಕಳಿಸಿದಳಂತೆ. ಮೂರೇ ಸಾಲು.

ಮಾರ್ಚ್ ೨೩, ಭಾನುವಾರ

ಎಷ್ಟೋ ದಿನದ ಮೇಲೆ ಮನಸ್ಸು ಹಗುರಾಗಿದೆ. ಗುಬ್ಬಿಗೆ ಹೊಸ ಶೂ ಕೊಡಿಸಿದೆ. ಬರುವ ದಾರಿಯಲ್ಲಿ ಐಸ್‌ಕ್ರೀಮ್ ತಿಂದೆವು. ನಲ್ಲಿಯ ವಾಷರ್ ಬದಲಾಯಿಸಿದೆ, ಬಾಗಿಲಿನ ಕೀಲಿಗೆ ಎಣ್ಣೆ ಬಿಟ್ಟೆ, ಅವಳಿಗೆ ಇಷ್ಟವೆಂದು ಬಾಲ್ಕನಿಗೆ ಒಂದು ಬೆತ್ತದ ಕುರ್ಚಿ ತಂದೆ. ಚೆನ್ನಾಗಿದೆ ಎಂದಳು. ಇನ್ನೂ ಅದರಲ್ಲಿ ಕೂತಿಲ್ಲ. ಈಚೆಗೆ ಬೆನ್ನು ನೋವೆಂದು ಊಟವಾದ ತಕ್ಷಣ ಮಲಗಿಬಿಡುತ್ತಾಳೆ.

ಏಪ್ರಿಲ್ ೮

ಈ ತಿಂಗಳಿನಿಂದ ಇವಳ ಆಸ್ಪತ್ರೆಯ ಲಿಫ್ಟುಗಳ ನಿರ್ವಹಣೆ ನಮ್ಮ ಕಂಪನಿಗೆ ಬಂದಿದೆ. ಬೆಳಿಗ್ಗೆ ಹತ್ತಕ್ಕೆ ಕರೆ ಬಂತು: ರೋಗಿಗಳನ್ನು ಸಾಗಿಸುವ ದೊಡ್ಡ ಲಿಫ್ಟ್ ಮೂರನೇ ಮಹಡಿಯಲ್ಲಿ ನಿಂತಿದೆ. ಹೋಗಿ ನೋಡಿದರೆ ಬಾಗಿಲ ಲಾಕಿನ ಕಾಂಟ್ಯಾಕ್ಟ್ ಕರಕಲಾಗಿತ್ತು. ಮುಕ್ಕಾಲು ಗಂಟೆಯ ಕೆಲಸ. ಮುಗಿಸಿ ಚೀಲ ಕಟ್ಟುವಾಗ ಎದುರಿಗೆ ಬೋರ್ಡು ಕಂಡಿತು, ಡಯಾಲಿಸಿಸ್. ಹದಿಮೂರು ವರ್ಷದಿಂದ ಇವಳನ್ನು ಗೇಟಿನವರೆಗೆ ಬಿಟ್ಟಿದ್ದೇನೆ, ಗೇಟಿನಿಂದ ಕರೆದುಕೊಂಡು ಬಂದಿದ್ದೇನೆ. ಮೇಲೆ ಬಂದದ್ದು ಇದೇ ಮೊದಲು.

ಬಾಗಿಲಿನಲ್ಲಿ ಅಂಗೈಯಗಲದ ಗಾಜು. ಒಳಗೆ ಎರಡು ಸಾಲಿನಲ್ಲಿ ಹನ್ನೆರಡು ಹಾಸಿಗೆ, ಪ್ರತಿಯೊಂದರ ಪಕ್ಕದಲ್ಲೂ ಮೆಷಿನ್, ಕೆಂಪು ಕೊಳವೆ. ಅಷ್ಟಕ್ಕೂ ಇವಳೊಬ್ಬಳು. ಜೊತೆಯಲ್ಲಿರಬೇಕಾದವಳು ರಜೆ ಎಂದು ಆಮೇಲೆ ತಿಳಿಯಿತು. ಒಂದು ಮೆಷಿನ್ ಕೂಗಿದರೆ ಅಲ್ಲಿಗೆ ಓಡುತ್ತಿದ್ದಳು, ಅಷ್ಟರಲ್ಲಿ ಈ ತುದಿಯದು ಕೂಗುತ್ತಿತ್ತು. ಮೂಲೆಯ ಹಾಸಿಗೆಯ ಹೆಂಗಸಿನ ಕುತ್ತಿಗೆ ವಾಲಿತು. ಇವಳು ಒಂದು ಕೈಯಲ್ಲಿ ಮೆಷಿನ್ ಗುಂಡಿ ಒತ್ತಿ, ಇನ್ನೊಂದು ಕೈಯಲ್ಲಿ ಹಾಸಿಗೆಯ ಕಾಲಿನ ಕಡೆ ಎತ್ತಿ, ಮೊಣಕಾಲಿನಿಂದ ತಡೆದು ಹಿಡಿದು, ಆಕೆಯ ಹೆಸರು ಹಿಡಿದು ಕರೆಯುತ್ತಲೇ ಇದ್ದಳು. ಆ ಹಾಸಿಗೆ ಎತ್ತಲು ನನ್ನಂಥ ಇಬ್ಬರು ಬೇಕು. ಆಕೆ ಕಣ್ಣು ಬಿಟ್ಟ ಮೇಲೆ ಇವಳು ನೆಟ್ಟಗಾಗಿ, ಸೊಂಟದ ಮೇಲೆ ಕೈಯಿಟ್ಟು ಒಂದು ಕ್ಷಣ ನಿಂತಳು. ಅಷ್ಟರಲ್ಲಿ ಡಾಕ್ಟರ್ ಬಂದು, ಎಲ್ಲರೆದುರಿಗೆ, ಯಾವುದೋ ಚೀಟಿ ತುಂಬಿಲ್ಲವೆಂದು ದನಿ ಎತ್ತಿದರು. ಇವಳು ತಲೆ ಆಡಿಸಿ ಚೀಟಿ ತುಂಬಿದಳು.

ಹೊರಗೆ ಬೆಂಚಿನ ಮೇಲೆ ಒಬ್ಬರು ಸರದಿಗೆ ಕೂತಿದ್ದರು, ನಿವೃತ್ತ ಬಸ್ ಕಂಡಕ್ಟರ್. ನನ್ನ ಚೀಲ ನೋಡಿ ಮಾತಿಗಿಳಿದರು. ವಾರಕ್ಕೆ ಮೂರು ಸಲ ಬರುತ್ತಾರಂತೆ.

"ಆ ಮೇಡಂ ಇದ್ರೆ ಸೂಜಿ ಚುಚ್ಚಿದ್ದೇ ಗೊತ್ತಾಗಲ್ಲ," ಎಂದರು. "ಹೊರದೇಶಕ್ಕೆ ಹೋಗ್ತಾರೆ ಅಂತ ಸುದ್ದಿ ಇತ್ತು. ನಮಗೆಲ್ಲ ಜೀವ ಹೋದ ಹಾಗಾಗಿತ್ತು. ಆಮೇಲೆ ಹೋಗಲ್ಲ ಅಂತ ಅವರೇ ಹೇಳಿದ್ರು. ನಾವು ಖುಷಿಪಡಬೇಕಲ್ವಾ? ಅವರ ಮುಖ ನೋಡಿದ್ಮೇಲೆ ಖುಷಿಪಡೋಕೂ ಆಗ್ಲಿಲ್ಲ."

ಇನ್ನೊಬ್ಬ ರೋಗಿಯನ್ನು ಗಾಲಿಕುರ್ಚಿಯಲ್ಲಿ ತಂದರು. ಇವಳು ಬಾಗಿಲಿಗೆ ಬಂದಳು. ನಾನು ಕಂಬದ ಮರೆಗೆ ಸರಿದೆ. ಒಂದು ಮೆಷಿನ್ ಕೆಟ್ಟಿದೆ, ಇವತ್ತು ಆಗುವುದಿಲ್ಲ, ನಾಳೆ ಬನ್ನಿ ಎಂದು ಹೇಳಿದಳು. ಕುರ್ಚಿ ತಳ್ಳಿಕೊಂಡು ಬಂದ ಹೆಂಗಸು ಕೈಮುಗಿದು ಬೇಡಿಕೊಂಡಳು. ಇವಳು ಅದನ್ನೇ ಮೆಲ್ಲಗೆ ಮತ್ತೆ ಹೇಳಿದಳು. ಅವರು ಹೋದ ಮೇಲೆ ಗೋಡೆಯ ಕಡೆ ತಿರುಗಿ, ಹಣೆಯನ್ನು ಗೋಡೆಗೆ ಒತ್ತಿ, ನಾಲ್ಕೈದು ಉಸಿರು ಎಳೆದುಕೊಂಡು ಒಳಗೆ ಹೋದಳು.

ನಾನು ಮೆಟ್ಟಿಲಲ್ಲಿ ಇಳಿದೆ. ಮುಂದಿನ ಕರೆ ಇತ್ತು, ಹೋಗಲಿಲ್ಲ. ಆಸ್ಪತ್ರೆಯ ಹಿಂದಿನ ಸೈಕಲ್ ನಿಲ್ದಾಣದಲ್ಲಿ ಸುಮ್ಮನೆ ನಿಂತಿದ್ದೆ.

ಏಪ್ರಿಲ್ ೯

ನೋಟ್‌ಬುಕ್ ತೆಗೆದು ನೋಡಿದೆ. ಆಸ್ಪತ್ರೆ ಪಕ್ಕದ ಮನೆಯ ಬಾಡಿಗೆಯೂ ಇದೆ, ದೂರದ ಮನೆಯಿಂದ ಬರುವ ರೈಲಿನ ಪಾಸೂ ಇದೆ. ಪಕ್ಕದಲ್ಲೇ ಮನೆ ಇದ್ದ ಮೇಲೆ ರೈಲು ಯಾಕೆ? ಎರಡೂ ನನ್ನ ಅಕ್ಷರ.

ದೂರದ ಮನೆ, ಗೆಳತಿ ಹೇಳಿದ ಬೆಲೆಗಳು, ಫೀಸಿಲ್ಲದ ಶಾಲೆ, ಮಗುವಿನ ಭತ್ಯೆ. ಅಲ್ಲಿ ಉಳಿಯುವುದು ತೊಂಬತ್ತೊಂದು ಸಾವಿರ.

ಏಪ್ರಿಲ್ ೧೩, ಭಾನುವಾರ

ಗುಬ್ಬಿ ತನ್ನ ಗೆಳತಿಯ ಮನೆಗೆ ಹೋಗಿದ್ದಾಗ ಹೇಳಿದೆ. ಹಳೆಯ ಹಾಳೆ, ಹೊಸ ಹಾಳೆ ಎರಡನ್ನೂ ಮೇಜಿನ ಮೇಲಿಟ್ಟೆ. ಈ ಸಲ ಅವಳು ಪ್ರತಿ ಸಾಲಿನ ಮೇಲೂ ಬೆರಳಿಟ್ಟು ಓದಿದಳು. ರೈಲಿನ ಸಾಲಿನಲ್ಲಿ ಬೆರಳು ನಿಂತಿತು.

"ತಪ್ಪಾಗಿ ಆಯ್ತಾ, ಬೇಕು ಅಂತ ಮಾಡಿದ್ರಾ?"

ತಪ್ಪಾಗಿ ಎಂದುಬಿಡಬಹುದಿತ್ತು. ನಂಬುತ್ತಿದ್ದಳು.

"ಬೇಕು ಅಂತಲೇ," ಎಂದೆ.

ಕಿರುಚಾಡಲಿಲ್ಲ. ಅತ್ತರೂ ಆಗುತ್ತಿತ್ತು, ಅಳಲಿಲ್ಲ. ಎರಡೂ ಹಾಳೆಗಳ ಅಂಚು ಸರಿಯಾಗಿ ಕೂಡುವಂತೆ ಒಂದರ ಮೇಲೊಂದು ಜೋಡಿಸಿದಳು.

"ನೀವು ಹಾಕಿದ ಒಂದು ಲೆಕ್ಕಾನೂ ನಾನು ಇವತ್ತಿನವರೆಗೆ ತಿರುಗಿಸಿ ನೋಡಿಲ್ಲ," ಎಂದಳು. "ನೋಡ್ಬೇಕು ಅಂತ ಅನ್ನಿಸಿಯೇ ಇರ್ಲಿಲ್ಲ. ಬೇಡ ಅಂತ ಒಂದು ಮಾತು ಹೇಳಿದ್ರೆ ಸಾಕಿತ್ತಲ್ಲ. ಬಿಟ್ಟುಬಿಡ್ತಿದ್ದೆ. ಬೇಜಾರಾಗ್ತಿತ್ತು, ನಾಲ್ಕು ದಿನ ಮುಖ ಊದಿಸ್ಕೊಂಡು ಇರ್ತಿದ್ದೆ. ಅಷ್ಟೇ ತಾನೇ?"

ಯಾಕೆ ಹೀಗೆ ಮಾಡಿದಿರಿ ಎಂದು ಕೇಳಿದಳು. ಅಷ್ಟರಲ್ಲಿ ಗುಬ್ಬಿ ಬಂದು ಬಾಗಿಲು ಬಡಿದಳು.

ಏಪ್ರಿಲ್ ೧೭

ಊಟಕ್ಕೆ ಬನ್ನಿ. ಕರೆಂಟ್ ಬಿಲ್ ಬಂದಿದೆ. ಇಷ್ಟೇ ಅವಳ ಮಾತು.

ಏಪ್ರಿಲ್ ೨೫

ಗುಬ್ಬಿಯ ಶಾಲೆಗೆ ಫೀಸು ಕಟ್ಟಿ ಬಂದೆ. ಎಷ್ಟಾಯಿತು ಎಂದು ಕೇಳಿದಳು, ಹೇಳಿದೆ. ರಸೀದಿ ತೋರಿಸಿ ಎಂದಳು.

ಕೈ ಒಡ್ಡಿಕೊಂಡು ನಿಂತಿದ್ದಳು. ಕೇಳುವುದು ಅವಳಿಗೂ ಸುಲಭವಿರಲಿಲ್ಲ, ಕಿವಿ ಕೆಂಪಾಗಿತ್ತು. ಕೊಟ್ಟೆ. ಓದಿ ವಾಪಸ್ ಕೊಟ್ಟಳು. ಈಗ ಹಾಲಿನ ಚೀಟಿಯಿಂದ ಹಿಡಿದು ಎಲ್ಲವನ್ನೂ ಅಡುಗೆಮನೆಯ ಮೊಳೆಗೆ ಚುಚ್ಚಿಡುತ್ತಿದ್ದೇನೆ.

ಅಮ್ಮ ನಿಮ್ಮ ಜೊತೆ ಟೂ ಬಿಟ್ಟಿದ್ದಾರಾ ಎಂದು ಗುಬ್ಬಿ ಕೇಳಿದಳು. ನಾನು ಅಮ್ಮನಿಗೆ ಸುಳ್ಳು ಹೇಳಿದ್ದೆ ಎಂದೆ. ಸ್ವಲ್ಪ ಯೋಚಿಸಿ, ದೊಡ್ಡ ಸುಳ್ಳಾ ಎಂದಳು. ದೊಡ್ಡದೇ ಎಂದೆ.

ಮೇ ೬

ಅವಳು ಆ ಆಸ್ಪತ್ರೆಗೆ ಮತ್ತೆ ಬರೆದಿದ್ದಾಳೆ. ನನಗೆ ಹೇಳಿ ಬರೆಯಲಿಲ್ಲ, ಬರೆದ ಮೇಲೆ ಹೇಳಿದಳು. ಆ ಜಾಗ ಭರ್ತಿಯಾಗಿದೆಯೆಂದು ಉತ್ತರ ಬಂದಿದೆ. ಬೆತ್ತದ ಕುರ್ಚಿಯಲ್ಲಿ ಕೂತು ಅದನ್ನು ಹತ್ತು ಸಲ ಓದಿರಬೇಕು. ನಾನು ಒಳಗಿನಿಂದ ನೋಡಿದೆ, ಹತ್ತಿರ ಹೋಗುವ ಧೈರ್ಯ ಬರಲಿಲ್ಲ. ಆ ಕೆಲಸ ಕಳೆದುಹೋದದ್ದು ನನ್ನ ಕೈಯಿಂದಲೇ.

ಮೇ ೨೯

ಅದೇ ದೇಶದ ಇನ್ನೊಂದು ಊರಿನಿಂದ ಕರೆ. ಗೆಳತಿ ಯಾರಿಗೋ ಹೇಳಿದ್ದಳಂತೆ. ಚಿಕ್ಕ ಆಸ್ಪತ್ರೆ, ಚಿಕ್ಕ ಊರು, ಸಂಬಳ ಇಪ್ಪತ್ತೈದು ಸಾವಿರ ಕಡಿಮೆ. ಸೆಪ್ಟೆಂಬರಿನಲ್ಲಿ ಸೇರಬೇಕು. ಮನೆಯವರು ಮಾತ್ರ ಆರು ತಿಂಗಳು ಬಿಟ್ಟು ಬರಬಹುದು.

ಹೋಗು ಎಂದೆ. ನಿಮ್ಮನ್ನು ಕೇಳಲಿಲ್ಲ ಎಂದಳು. ಆಮೇಲೆ ಅವಳೇ ಹತ್ತಿರ ಬಂದು, ಹಾಗೆ ಹೇಳಬಾರದಿತ್ತು ಎಂದಳು.

ಜೂನ್ ೧, ಭಾನುವಾರ

ಈ ಸಲದ ಲೆಕ್ಕ ಅವಳೇ ಹಾಕಿದಳು. ಗುಬ್ಬಿ ಫೋನಿನಲ್ಲಿ ಬೆಲೆ ಹುಡುಕಿ ಓದುವುದು, ಅವಳು ಬರೆದುಕೊಳ್ಳುವುದು. ನಾನು ಅದೇ ಮೇಜಿನ ಇನ್ನೊಂದು ತುದಿಯಲ್ಲಿ ಮಧ್ಯಾಹ್ನಕ್ಕೆ ಆಲೂಗಡ್ಡೆ ಸಿಪ್ಪೆ ತೆಗೆಯುತ್ತಿದ್ದೆ. ಟೊಮೇಟೊ ಒಂದು ಕಿಲೋ ಎಂದು ಗುಬ್ಬಿ ಓದಿದ ಬೆಲೆಗೆ ಇಬ್ಬರೂ ಬಾಯಿ ಬಿಟ್ಟರು. ವಾರಕ್ಕೆ ಎರಡೇ ಟೊಮೇಟೊ ಎಂದು ತೀರ್ಮಾನವಾಯಿತು.

ಕೊನೆಗೆ ಅವಳು ಪೆನ್ನು ಎತ್ತಿ ಹಿಡಿದು, "ನಿಮ್ಮ ಹೆಸರಿನ ಮುಂದೆ ಏನು ಬರೀಲಿ?" ಎಂದಳು.

ಗುಬ್ಬಿಯನ್ನು ಅಂಗಡಿಗೆ ಕಳಿಸಿದೆ. ಆಮೇಲೆ, ಏಪ್ರಿಲ್‌ನಲ್ಲಿ ಕೇಳಿದ್ದಕ್ಕೆ ಇವತ್ತು ಉತ್ತರ ಕೊಟ್ಟೆ. "ಇಲ್ಲಿ ಲಿಫ್ಟ್ ನಿಂತ್ರೆ ನನ್ನ ಕರೀತಾರೆ. ಅಲ್ಲಿ ಯಾರೂ ಕರೆಯಲ್ಲ. ಬೆಳಿಗ್ಗೆ ನೀನು ಹೋದ್ಮೇಲೆ ಸಂಜೆವರೆಗೆ ನಾನು ಯಾರು ಅಂತ... ಅದನ್ನ ಯೋಚಿಸೋಕೇ ಆಗ್ಲಿಲ್ಲ. ಅದಕ್ಕೇ ಬಾಡಿಗೆ ಜಾಸ್ತಿ ಬರೆದೆ."

ಪೆನ್ನು ಕೆಳಗಿಟ್ಟಳು. ಇದನ್ನೇ ಆ ದಿನ ಹೇಳಬಹುದಿತ್ತಲ್ಲ ಎಂದಳು. ಹೌದು ಎಂದೆ. ಆಮೇಲೆ ಫೋನ್ ತೆಗೆದುಕೊಂಡು ಹುಡುಕಿ, ಕಲಿಕೆಯ ಆ ಎರಡು ವರ್ಷವೂ ಅರ್ಧ ಸಂಬಳ ಕೊಡುತ್ತಾರೆ ಎಂದು ತೋರಿಸಿದಳು. ಇದು ಗೊತ್ತಿತ್ತಾ ಎಂದು ಕೇಳಿದಳು. ನಾನು ಆ ಪುಟದವರೆಗೆ ಓದಿಯೇ ಇರಲಿಲ್ಲ. ಹಾಗೆಂದೇ ಹೇಳಿದೆ. ನಂಬಿದಳೋ ಇಲ್ಲವೋ, ಮುಖದಿಂದ ತಿಳಿಯಲಿಲ್ಲ. ನನ್ನ ಹೆಸರಿನ ಮುಂದಿನ ಜಾಗವನ್ನು ಖಾಲಿ ಬಿಟ್ಟು ಪುಸ್ತಕ ಮುಚ್ಚಿದಳು.

ಆಗಸ್ಟ್ ೩೧, ಭಾನುವಾರ

ವಿಮಾನ ನಿಲ್ದಾಣಕ್ಕೆ ಮೂರು ಗಂಟೆ ಮೊದಲೇ ಹೋದೆವು. ಸೂಟ್‌ಕೇಸ್ ಎರಡು ಕಿಲೋ ಜಾಸ್ತಿ ಬಂತು. ನೆಲದ ಮೇಲೆ ಕೂತು ತೆಗೆದು, ಒಂದು ಕೋಟು, ಗುಬ್ಬಿ ಕೊಟ್ಟ ಬಣ್ಣದ ಪೆಟ್ಟಿಗೆ ಇವೆರಡರಲ್ಲಿ ಯಾವುದನ್ನು ಬಿಡಲಿ ಎಂದು ನೋಡಿದಳು. ಕೋಟನ್ನು ಮೈಮೇಲೆ ಹಾಕಿಕೊಂಡಳು, ಆ ಸೆಕೆಯಲ್ಲಿ. ಗುಬ್ಬಿಯ ಆಸ್ತಮಾ ಪಂಪು ಯಾವ ಡ್ರಾಯರಿನಲ್ಲಿದೆ ಎಂದು ನನಗೆ ಮೂರು ಸಲ ಹೇಳಿದಳು. ಬಾಗಿಲ ಹತ್ತಿರ ಗುಬ್ಬಿಯನ್ನು ಬಿಡಿಸಿಕೊಳ್ಳಲು ಅವಳಿಗೆ ಆಗಲಿಲ್ಲ, ನಾನೇ ಬಿಡಿಸಬೇಕಾಯಿತು. ನನಗೆ ಹುಷಾರಾಗಿರಿ ಎಂದಷ್ಟೇ ಹೇಳಿ ಒಳಗೆ ಹೋದಳು. ಗಾಜಿನಾಚೆ ಕೋಟಿನ ಬೆನ್ನು ಸ್ವಲ್ಪ ದೂರ ಕಂಡಿತು.

ಸೆಪ್ಟೆಂಬರ್ ೩

ಜಡೆ ಹೆಣೆಯಲು ಬರುತ್ತಿಲ್ಲ. ಗುಬ್ಬಿ ಹಾಗೇ ಶಾಲೆಗೆ ಹೋದಳು.

ಅಕ್ಟೋಬರ್ ೫

ಜಡೆ ಬರುತ್ತದೆ ಈಗ. ಸಂಜೆ ಆರಕ್ಕೆ ನಾವಿಬ್ಬರೂ ಫೋನ್ ಮುಂದಿಟ್ಟುಕೊಂಡು ಆ ಭಾಷೆಯ ಪಾಠಕ್ಕೆ ಕೂರುತ್ತೇವೆ. ಗುಬ್ಬಿಯ ನಾಲಿಗೆ ತಿರುಗುತ್ತದೆ, ನನ್ನದು ತಿರುಗುವುದಿಲ್ಲ. ನಾನು 'ನನಗೆ ಹಸಿವಾಗಿದೆ' ಅಂದದ್ದು ಅವರ ಭಾಷೆಯಲ್ಲಿ 'ನಾನೊಂದು ಚಮಚ' ಎಂದಾಯಿತಂತೆ. ಗುಬ್ಬಿ ನೆಲಕ್ಕೆ ಬಿದ್ದು ನಕ್ಕಳು. ಅಮ್ಮ ಹೋದ ಮೇಲೆ ಅಷ್ಟು ನಕ್ಕದ್ದು ಇವತ್ತೇ.

ಅವಳಮ್ಮನ ಫೋನು ಭಾನುವಾರ ಬರುತ್ತದೆ. ಹೆಚ್ಚಿನ ಮಾತು ಗುಬ್ಬಿಯ ಜೊತೆ. ನನ್ನ ಹತ್ತಿರ ಔಷಧಿ, ಶಾಲೆ, ಬಿಲ್ಲು.

ನವೆಂಬರ್ ೧೪

ಕೆಲಸಕ್ಕೆ ರಾಜೀನಾಮೆ ಕೊಟ್ಟೆ. ಮೂರು ತಿಂಗಳ ನೋಟಿಸ್. ಮ್ಯಾನೇಜರ್ ಕನ್ನಡಕ ತೆಗೆದು, ಅಲ್ಲಿ ಎಷ್ಟು ಸಿಗುತ್ತೆ ಎಂದು ಕೇಳಿದರು. ಮೊದಲು ಏನೂ ಸಿಗಲ್ಲ, ಪರೀಕ್ಷೆ ಪಾಸಾದರೆ ಅರ್ಧ ಸಂಬಳಕ್ಕೆ ಕಲಿಯೋಕೆ ಸೇರಿಸ್ಕೋತಾರೆ ಎಂದೆ. ನಿನ್ನ ಕೈಕೆಳಗೆ ಹತ್ತು ಜನ ಕಲಿತಿದ್ದಾರಲ್ಲಯ್ಯಾ ಎಂದರು. ಹೌದು ಸಾರ್ ಎಂದೆ.

ದೊಡ್ಡಣ್ಣನಿಗೆ ಚಹಾದ ಹೊತ್ತಿನಲ್ಲಿ ಹೇಳಿದೆ. ಅವರು ಏನೋ ತಮಾಷೆ ಮಾಡಲು ಬಾಯಿ ತೆರೆದವರು ನನ್ನ ಮುಖ ನೋಡಿ ನಿಲ್ಲಿಸಿದರು. ಚಹಾದ ದುಡ್ಡು ಕೊಡಲು ಬಿಡಲಿಲ್ಲ.

ನವೆಂಬರ್ ೧೬, ಭಾನುವಾರ

ಇವತ್ತು ಫೋನ್ ಬಂದಾಗ ಗುಬ್ಬಿ ಸ್ನಾನಕ್ಕೆ ಹೋಗಿದ್ದಳು. ಹತ್ತು ನಿಮಿಷ ಬಿಟ್ಟು ಮಾಡ್ತೀನಿ ಎನ್ನುತ್ತಾಳೆಂದುಕೊಂಡೆ, ಇಡಲಿಲ್ಲ. ಈ ವಾರ ಕೆಲಸ ಹೇಗಿತ್ತು ಎಂದು ಕೇಳಿದೆ.

ಒಬ್ಬ ಮುದುಕಪ್ಪನ ಕಥೆ ಹೇಳಿದಳು. ಅರವತ್ತು ವರ್ಷ ಗಡಿಯಾರ ರಿಪೇರಿ ಮಾಡಿದವನಂತೆ, ಮೆಷಿನ್ ಸದ್ದು ಕೇಳಿ ಇದರಲ್ಲಿ ಯಾವ ಚಕ್ರ ಸವೆದಿದೆ ಎಂದು ಬಂದಾಗಲೆಲ್ಲ ಒಂದು ಊಹೆ ಹೇಳುತ್ತಾನಂತೆ. ಹೆಂಡತಿ ತೀರಿಕೊಂಡ ದಿನವೂ ಡಯಾಲಿಸಿಸ್ ತಪ್ಪಿಸಲಾಗದೆ ಬಂದಿದ್ದನಂತೆ, ಈ ವಾರ. "ನಾಲ್ಕೇ ಜನ ಅಲ್ವಾ, ಉಳಿದ ಮೂವರೂ ಚೆನ್ನಾಗಿದ್ರು. ಕುರ್ಚಿ ಎಳ್ಕೊಂಡು ಅವನ ಹತ್ತಿರ ಕೂತೆ ರೀ. ಭಾಷೆ ಅರ್ಧಂಬರ್ಧ. ಅವನ ಕೈ ಹಿಡ್ಕೊಂಡು ಸುಮ್ನೆ ಕೂತಿದ್ದೆ. ಡ್ಯೂಟಿ ಟೈಮಲ್ಲಿ ನಾನು ಕೂತಿದ್ದು ಇದೇ ಮೊದಲು ಅಂತ ಆಮೇಲೆ ಹೊಳೀತು."

ನಾನು ಹೂಂ ಎನ್ನುತ್ತಿದ್ದೆ. ಇನ್ನೂ ಬಹಳ ಹೇಳಿದಳು: ನೀರಿನ ಕೋಣೆ, ಜೊತೆಯವರು, ಮಧ್ಯಾಹ್ನದ ಸೂಪು. ಗುಬ್ಬಿ ಸ್ನಾನ ಮುಗಿಸಿ ಬಂದು, ನಾನು ಮಾತಾಡುವುದನ್ನು ನೋಡಿ, ತಲೆ ಒರೆಸಿಕೊಳ್ಳುತ್ತ ಆಚೆ ಹೋದಳು.

ನಾನೇ ಮಾತಾಡ್ತಾ ಇದ್ದೀನಿ, ನಿಮ್ಮ ಕಡೆ ಏನು ಎಂದಳು.

"ಶುಕ್ರವಾರ ರಾಜೀನಾಮೆ ಕೊಟ್ಟೆ. ಮಾರ್ಚ್‌ನಲ್ಲಿ ನಾನೂ ಗುಬ್ಬಿನೂ ಬರ್ತೀವಿ."

ಲೈನು ಕಡಿದುಹೋಯಿತೇನೋ ಎಂದು ಫೋನ್ ನೋಡಿದೆ.

"ನಿಜವಾಗ್ಲೂ?" ಎಂದಳು.

"ನಿಜವಾಗ್ಲೂ. ಮ್ಯಾನೇಜರ್ ಸಹಿ ಹಾಕಿದ ಕಾಪಿ ಇದೆ. ಫೋಟೋ ತೆಗೆದು ಕಳಿಸ್ಲಾ?"

ಮೂಗು ಎಳೆದುಕೊಂಡ ಸದ್ದು ಕೇಳಿಸಿತು.

"ಬೇಡ," ಎಂದಳು. "ನೀವು ಹೇಳಿದ್ರಲ್ಲ, ಸಾಕು."